ಎಣ್ಣೆಗಾಯಿ ದಿಗ್ವಿಜಯ

ಯರಗುಪ್ಪಿಯ ಕುಬೇರಪ್ಪ ಊಟಕ್ಕೆ ಕುಳಿತನೆಂದರೆ ನ್ಯಾಯಾಧೀಶರು ಪೀಠಕ್ಕೆ ಬಂದ ಹಾಗೆ. ತಾಟು ಮುಂದೆ ಬರುತ್ತದೆ. ಅದರಲ್ಲಿ ರೊಟ್ಟಿ, ಪಲ್ಯ, ಚಟ್ನಿ, ಸಾರು ಎಂಬ ಆರೋಪಿಗಳು ತಲೆ ತಗ್ಗಿಸಿ ನಿಂತಿರುತ್ತಾರೆ. ಕುಬೇರಪ್ಪ ಒಬ್ಬೊಬ್ಬರನ್ನೇ ಬಾಯೊಳಕ್ಕೆ ಕರೆಸಿ, ಕಣ್ಣು ಮುಚ್ಚಿ ವಿಚಾರಣೆ ನಡೆಸಿ, ತೀರ್ಪು ಕೊಡುತ್ತಾನೆ. ‘ಹುಳಿ ತುಸು ಮುಂದಾತು.’ ‘ಒಗ್ಗರಣಿ ಹೊತ್ತೇತಿ.’ ‘ಬ್ಯಾಳಿ ಇನ್ನೊಂದ ಕುದಿ ಕೇಳತಿತ್ತು.’ ತೀರ್ಪು ಏನೇ ಇರಲಿ, ಆರೋಪಿಗಳಿಗೆಲ್ಲ ಶಿಕ್ಷೆ ಒಂದೇ: ತಾಟಿನಲ್ಲಿ ಚೂರೂ ಉಳಿಯದಂತೆ ಮುಗಿಸಿಬಿಡುವುದು. (ಎರಡನೆಯ ಸಲ ಬಡಿಸಿಕೊಂಡು ಶಿಕ್ಷೆ ಜಾರಿ ಮಾಡಿದ್ದೂ ಉಂಟು.)

ಮದುವೆಯಾದಂದಿನಿಂದ ಈ ನ್ಯಾಯಾಲಯಕ್ಕೆ ಆರೋಪಿಗಳನ್ನು ಒದಗಿಸುತ್ತ ಬಂದ ಮಹಾನಂದಾ ಒಮ್ಮೆಯೂ ಮೇಲ್ಮನವಿ ಹಾಕಿದವಳಲ್ಲ. ಆದರೆ ಅವಳ ಎಣ್ಣೆಗಾಯಿಗೆ ಸುತ್ತಿನ ಊರುಗಳಲ್ಲಿ ಕೀರ್ತಿಯಿತ್ತು. ಎಳೆಯ ಮುಳ್ಳುಬದನೆಯನ್ನು ತೊಟ್ಟು ಕಳೆಯದಂತೆ ನಾಲ್ಕು ಸೀಳು ಮಾಡಿ, ಹುರಿದ ಶೇಂಗಾ, ಗುರೆಳ್ಳು, ಎಳ್ಳು, ಒಣಕೊಬ್ಬರಿ ಕುಟ್ಟಿದ ಮಸಾಲೆಯನ್ನು ಅದರ ಹೊಟ್ಟೆಗೆ ಗಿಡಿದು, ಎಣ್ಣೆಯಲ್ಲಿ ಬೇಯಿಸಿ ಇಳಿಸಿದಳೆಂದರೆ, ಬಾಜೂ ಮನೆಯವರು ಮನೆಯಲ್ಲಿ ಸಕ್ಕರೆ ಇದ್ದರೂ ಬಟ್ಟಲು ಹಿಡಿದು ಸಕ್ಕರೆ ಕೇಳಲು ಬರುತ್ತಿದ್ದರು. ಅಂಥ ಎಣ್ಣೆಗಾಯಿಗೂ ಕುಬೇರಪ್ಪ ಪ್ರತಿವರ್ಷ ಎಳ್ಳಮಾವಾಸ್ಯೆಯ ದಿನ, ಹೊಲದಲ್ಲಿ, ನಾಲ್ಕು ಜನರೆದುರು ಹೆಸರಿಡುತ್ತಿದ್ದ: ‘ಎಲ್ಲಾ ಖರೆ, ಗುರೆಳ್ಳ ತುಸು ಹೆಚ್ಚಾತು.’

ಈ ವರ್ಷದ ಹಬ್ಬಕ್ಕೆ ಶಲವಡಿಯ ಹೊಸ ಬೀಗರು ಬರುವವರಿದ್ದರು. ಮಗಳು ಶೈಲಾಳನ್ನು ಕಳೆದ ಬೇಸಿಗೆಯಲ್ಲಿ ಅವರ ಮನೆಗೆ ಕೊಟ್ಟಿದ್ದರು. ಬೀಗ ಸಂಗನಬಸವ, ಬೀಗತಿ ಬಸಕ್ಕ; ಇಬ್ಬರೂ ಉಣ್ಣುವ ವಿದ್ಯೆಯಲ್ಲಿ ಪಳಗಿದವರು. ಒಂದು ಸಂಜೆ ಮಹಾನಂದಾ ಗಂಡನ ತಾಟಿಗೆ ರೊಟ್ಟಿ ಹಾಕುತ್ತ ಮೆಲ್ಲಗೆ ಮಾತು ತೆಗೆದಳು.

“ಏನ್ರೀ, ಬೀಗರು ಮೊದಲನೇ ಸಲ ಹೊಲಕ್ಕ ಬರಾಕತ್ತಾರ. ಅವರ ಮುಂದರೆ ಎಣ್ಣಿಗಾಯಿಗೆ ಹೆಸರ ಇಡಬ್ಯಾಡ್ರಿ.”

“ಇಡೂಹಂಗ ನೀ ಮಾಡಬ್ಯಾಡ, ನಾ ಇಡೂದಿಲ್ಲ.”

“ಅಂದ್ರ? ನಾ ಮಾಡೂದು ಛಲೋ ಆಗೂದಿಲ್ಲೇನು?”

“ಆಗತೈತಿ. ಆದ್ರ ಮಸಾಲಿ ಅನ್ನೂದಕ್ಕ ಒಂದು ಪ್ರಮಾಣ ಇರತೈತಿ ನೋಡು. ಯಾವ ಬೆಳಿಗೆ ಯಾವ ಗೊಬ್ಬರಾ ಎಷ್ಟ ಬೇಕು ಅಂತ ಇಡೀ ಊರಿಗೆ ಹೇಳಾಂವ ನಾನು. ನಿಮ್ಮದೆಲ್ಲಾ ಬರೇ ಕೈ ಅಂದಾಜು. ಏನ ಮಹಾ ಐತಿ ಅದರಾಗ? ಶೇಂಗಾ ಕುಟ್ಟೂದು, ಬದನಿಕಾಯಾಗ ತುಂಬೂದು!”

(ಕುಬೇರಪ್ಪನಿಗೆ ಊರ ನಡುವೆ ಬೀಜ-ಗೊಬ್ಬರದ ಅಂಗಡಿಯಿತ್ತು. ಹತ್ತಿಗೆ ಹಾಕುವ ಲಘುಪೋಷಕಾಂಶಗಳ ಮಿಶ್ರಣವನ್ನು ವಿವರಿಸುವಾಗ ಅವನ ಧ್ವನಿಯಲ್ಲಿ ಋಷಿಗಳ ಗಾಂಭೀರ್ಯ ಬರುತ್ತಿತ್ತು. ಬದನೆಕಾಯಿ ಎಂದರೆ ಹತ್ತಿಗಿಂತ ದೊಡ್ಡದೇ?)

ಮಹಾನಂದಾ ರೊಟ್ಟಿಯ ಬುಟ್ಟಿಯನ್ನು ಕೆಳಗಿಟ್ಟಳು. ಮೂಲೆಯಲ್ಲಿ ಎಲೆಅಡಿಕೆ ಕುಟ್ಟುತ್ತಿದ್ದ ಅತ್ತೆ ಅನ್ನವ್ವನ ಕೈ ತಾನಾಗಿ ನಿಂತಿತು.

“ಹಂಗಾರ ಈ ಸಲದ ಮಸಾಲಿ ನಿಮ್ಮದು,” ಎಂದಳು ಮಹಾನಂದಾ. “ತಿಂದವರೆಲ್ಲಾ ಛಲೋ ಅಂದ್ರ, ಜನಮಪೂರ್ತಿ ನೀವು ಹೆಸರಿಡ್ರಿ, ನಾ ಕೈ ಕಟಗೊಂಡ ಕೇಳತೇನಿ. ಯಾರರೆ ಒಬ್ಬರು, ಒಬ್ಬರರೆ ಹೆಸರಿಟ್ರಂದ್ರ, ಮುಂದ ತಾಟಿನ್ಯಾಗ ಏನ ಬಿದ್ರೂ ಬಾಯಿ ಮುಚಗೊಂಡ ಉಣಬೇಕು. ಒಪ್ಪಿಗಿ?”

“ಒಪ್ಪಿಗಿ! ಅವ್ವ ಸಾಕ್ಷಿ. ಆದ್ರ ತುಂಬಿ ಕೊಡೂದಷ್ಟ ನಂದು. ಒಲಿ ಮ್ಯಾಲೆ ಬೇಯಿಸೂದು ನಿಂದು.” (ಕಾದ ಎಣ್ಣೆಯ ಸಿಡಿತಕ್ಕೆ ಕುಬೇರಪ್ಪ ಹೆದರುತ್ತಿದ್ದ ಎಂದು ಯಾರೂ ತಿಳಿಯಬಾರದು. ಸೇನಾಪತಿಗಳು ತೋಪಿಗೆ ತಾವೇ ಬೆಂಕಿ ಹಚ್ಚುವುದಿಲ್ಲ, ಅಷ್ಟೇ.)

“ನಂದೇನೂ ಅಡ್ಡಿ ಇಲ್ಲಪಾ,” ಎಂದಳು ಹಲ್ಲಿಲ್ಲದ ಅನ್ನವ್ವ. “ಮೆತ್ತಗ ಬೆಂದಿದ್ರ ಸಾಕು.”

ಪಂಥವೇನೋ ಕಟ್ಟಿಯಾಯಿತು. ಮರುದಿನ ಅಂಗಡಿಯಲ್ಲಿ ಕುಳಿತು ಯೋಚಿಸಿದಾಗ ಕುಬೇರಪ್ಪನಿಗೆ ಒಂದು ಭಯಂಕರ ತೊಡಕು ಹೊಳೆಯಿತು. ಎಳ್ಳಮಾವಾಸ್ಯೆಯ ಅಡಿಗೆ ಮೀಸಲಡಿಗೆ. ಅದನ್ನು ಹೊಲಕ್ಕೆ ಒಯ್ದು, ಬನ್ನಿಗಿಡದ ಕೆಳಗೆ ಸುಣ್ಣ ಹಚ್ಚಿದ ಕಲ್ಲುಗಳ ಪಾಂಡವರಿಗೆ ಎಡೆ ಹಿಡಿದು, ಎಲ್ಲ ಪದಾರ್ಥವನ್ನೂ ತುಸುತುಸು ತೆಗೆದುಕೊಂಡು ಬೆಳೆಯೊಳಗೆ ಚರಗ ಚೆಲ್ಲಬೇಕು. ಭೂಮಿತಾಯಿ ಉಂಡ ಮೇಲೆ ಮನುಷ್ಯರ ಸರದಿ. ಅಲ್ಲಿಯವರೆಗೆ ಬೆರಳ ತುದಿಗೆ ಹಚ್ಚಿಕೊಂಡು ನೆಕ್ಕುವಂತಿಲ್ಲ, ನೆಕ್ಕಿದರೆ ಎಂಜಲು. ಹೆಂಗಸರಿಗೆ ಇದು ಲೆಕ್ಕಕ್ಕೇ ಇಲ್ಲ, ಅವರ ಮುಷ್ಟಿಗೇ ರುಚಿ ಗೊತ್ತು. ನಾಲಿಗೆಯೊಂದನ್ನೇ ನಂಬಿ ಬದುಕಿದ ಕುಬೇರಪ್ಪನಿಗೆ ಮಾತ್ರ ಇದು ಕಣ್ಣು ಕಟ್ಟಿ ಕುಸ್ತಿಯ ಕಣಕ್ಕೆ ಬಿಟ್ಟಂತಾಯಿತು.

ಆದರೆ ಬುದ್ಧಿವಂತನಿಗೆ ದಾರಿಗಳಿಗೇನು ಕಡಿಮೆ? ಮೀಸಲು ಹಬ್ಬದ ದಿನದ ಅಡಿಗೆಗೆ. ಹಬ್ಬದ ಮುಂಚಿನ ಅಡಿಗೆಗಲ್ಲ. ಕುಬೇರಪ್ಪ ಅಂಗಡಿಯ ಹಿಂದಿನ ಕೋಣೆಯಲ್ಲಿ ಪ್ರಯೋಗಶಾಲೆ ತೆರೆದ. ಬೀಗರ ಘನತೆಗೆ ಬರೀ ಶೇಂಗಾ ಸಾಲದೆಂದು ಗೋಡಂಬಿ ತರಿಸಿದ. ಗೋಡಂಬಿ ಒಂಟಿಯಾಗಬಾರದೆಂದು ಗಜ್ಜರಿಯ ತುರಿ, ಮೆಂತೆಸೊಪ್ಪು, ಸಣ್ಣಗೆ ಹೆಚ್ಚಿದ ಉಳ್ಳಾಗಡ್ಡಿ ಬಂದವು. ರುಚಿ ನೋಡಲು ಪಕ್ಕದ ಹೊಲದ ಗೆಳೆಯ ಅಲ್ಲಾಸಾಬನನ್ನೂ, ಬೀಜ ಕೇಳಲು ಬಂದಿದ್ದ ಹುಚ್ಚಪ್ಪನನ್ನೂ ಕೂರಿಸಿದ.

“ಕುಬೇರಣ್ಣಾ, ಇದು ಮಸಾಲೀನೋ, ಮದವಿ ದಿಬ್ಬಣಾನೋ?” ಎಂದ ಅಲ್ಲಾಸಾಬ. “ಯಾರನ್ನೂ ಕರಿಯೂದು ಬಿಟ್ಟಿಲ್ಲಲ್ಲೋ ಮಾರಾಯಾ!”

“ತಿಂದ ಮಾತಾಡು.”

ಅಲ್ಲಾಸಾಬ ತಿಂದ. ಹುಬ್ಬು ಮೇಲೆ ಹೋಯಿತು. “ಅಗದಿ ಝಕಾಸ್! ಉಪ್ಪ ಒಂಚೂರ ಬೇಕು.”

ಉಪ್ಪು ಬಿತ್ತು. ಹುಚ್ಚಪ್ಪ ತಿಂದ. “ಛಲೋ ಐತ್ರಿ ಯಜಮಾನ್ರ, ಆದ್ರ ಉಪ್ಪ ಈಗ ಮುಂದಾತು.”

ಶೇಂಗಾಪುಡಿ ಬಿತ್ತು. “ಈಗ ಉಪ್ಪ ಹಿಂದ ಬಿತ್ತು,” ಎಂದ ಅಲ್ಲಾಸಾಬ. ಹೀಗೆ ಹಗ್ಗಜಗ್ಗಾಟ ನಡೆದು, ಹುಚ್ಚಪ್ಪ ಮಧ್ಯೆ ಮನೆಗೆ ಹೋಗಿ ರೊಟ್ಟಿಯನ್ನೂ ತಂದು, ಮಸಾಲೆಯ ಬುಟ್ಟಿ ತಳ ಕಾಣುವ ಹೊತ್ತಿಗೆ ಇಬ್ಬರೂ ಒಮ್ಮೆಗೇ “ಬರೋಬ್ಬರಿ!” ಎಂದರು. ಕುಬೇರಪ್ಪ ಹಬ್ಬದ ಮಸಾಲೆಗೆ ಎಷ್ಟು ಉಪ್ಪು ಬೇಕೆಂದು ಅದೇ ಪ್ರಮಾಣದಲ್ಲಿ ಲೆಕ್ಕ ಹಾಕಿ, ಬೀಜ ತೂಗುವ ತಕ್ಕಡಿಯಲ್ಲಿ ತೂಗಿ, ಕಾಗದದಲ್ಲಿ ಪೊಟ್ಟಣ ಕಟ್ಟಿದ. ಆ ಪೊಟ್ಟಣವನ್ನು ಹಬ್ಬಕ್ಕೆಂದು ಗೂಟಕ್ಕೆ ನೇತುಹಾಕಿದ್ದ ಹೊಸ ಅಂಗಿಯ ಕಿಸೆಯಲ್ಲಿ ಬಚ್ಚಿಟ್ಟ. ಅಡಿಗೆಮನೆಯಲ್ಲಿಟ್ಟರೆ ಅಪಾಯವಿತ್ತು. ಅನ್ನವ್ವನಿಗೆ, ದಾರಿಯಲ್ಲಿ ಕಂಡ ಪಾತ್ರೆಗೆಲ್ಲ ‘ಹಾಕ್ಯಾರೋ ಇಲ್ಲೋ’ ಎಂದು ಚಿಟಿಕೆ ಉಪ್ಪು ಹಾಕಿ ಮುಂದೆ ಹೋಗುವ ಚಾಳಿಯಿತ್ತು.

ಹಬ್ಬದ ಮುಂಜಾನೆ ಕುಬೇರಪ್ಪ ಮಿಂದು, ಹಣೆಗೆ ವಿಭೂತಿ ಧರಿಸಿ, ಧೋತರದ ಕಚ್ಚೆ ಬಿಗಿದು, ಬರಿಮೈಯಲ್ಲಿ ಅಡಿಗೆಮನೆಗೆ ದಾಳಿಯಿಟ್ಟ. ಮಹಾನಂದಾಳನ್ನು ಪಡಸಾಲೆಗೆ ಗಡೀಪಾರು ಮಾಡಿ ಬಾಗಿಲು ಮುಂದೆ ಮಾಡಿಕೊಂಡ. ಒಳಗಿನಿಂದ ಒರಳಿನ ಸದ್ದು, ಒಣಮೆಣಸಿನಕಾಯಿಯ ಘಾಟು, ಮತ್ತು ಯಾವುದೋ ಬದನೆಕಾಯಿಗೆ ಬೈಯುವ ಧ್ವನಿ ಹೊರಗೆ ಬರುತ್ತಿದ್ದವು. ಮೊದಲ ಕೆಲವು ಕಾಯಿಗಳು ತೊಟ್ಟಿನ ತನಕ ಸೀಳಿ ನಾಲ್ಕು ದಿಕ್ಕಿಗೆ ಹೋಗಿ ವೀರಮರಣ ಅಪ್ಪಿದವು. ಉಳಿದವು ಶರಣಾದವು.

ಉಪ್ಪನ್ನು ಕಟ್ಟಕಡೆಗೆ ಹಾಕಬೇಕೆಂದು ಅವನು ಮೊದಲೇ ನಿಶ್ಚಯಿಸಿದ್ದ. ಮಸಾಲೆಯೆಲ್ಲ ಕಲೆಸಿ, ಇನ್ನೇನು ಪಕ್ಕದ ಕೋಣೆಯ ಗೂಟದ ಕಡೆ ತಿರುಗಬೇಕು, ಅಷ್ಟರಲ್ಲಿ ಅಂಗಳದಿಂದ ಮಗಳ ಕೂಗು:

“ಅಪ್ಪಾ, ನಾವು ಬಂದ್ವಿ! ಮಾವಾರು ಅತ್ತ್ಯಾರು ಬಂದಾರ, ಹೊರಗ ಬಾ!”

ಬೀಗರ ಮುಂದೆ ಬರಿಮೈಯಲ್ಲಿ ನಿಲ್ಲುವುದುಂಟೆ? ಕುಬೇರಪ್ಪ ಗೂಟದ ಅಂಗಿಯನ್ನು ಸೆಳೆದು ತೊಟ್ಟುಕೊಂಡು, ಗುಂಡಿ ಹಾಕುತ್ತಲೇ ಹೊರಗೆ ಓಡಿದ. ಕಾಲಿಗೆ ನೀರು ಕೊಟ್ಟಾಯಿತು, ಚಹಾ ಆಯಿತು, ಶಲವಡಿಯ ಕಡಲೆ ಬೆಳೆಯ ಸಮಾಚಾರವಾಯಿತು. ಸಂಗನಬಸವ ಮೂಗರಳಿಸಿ, “ಒಳಗ ಏನೋ ಭಾರೀ ನಡದೇತಿ, ಬೀಗರ!” ಎಂದಾಗ ಕುಬೇರಪ್ಪ ಉಬ್ಬಿ ಅಂಗಿಯ ಗುಂಡಿಗಳಿಗೆ ಕಷ್ಟವಾಯಿತು. ಅದೇ ಉತ್ಸಾಹದಲ್ಲಿ ಒಳಗೆ ಬಂದವನು ಗಡಿಬಿಡಿಯಿಂದ ಕಾಯಿಗಳಿಗೆ ಮಸಾಲೆ ತುಂಬಿ, ದೊಡ್ಡ ಪರಾತದಲ್ಲಿ ಒಟ್ಟಿ, ಹೆಂಡತಿಯನ್ನು ಕರೆದ.

ಮಹಾನಂದಾ ಪರಾತವನ್ನು ನೋಡಿದಳು. ತುಸು ಓರೆ ಮಾಡಿ ಅದರ ತಳವನ್ನೂ ನೋಡಿದಳು. ಆಮೇಲೆ ಗಂಡನ ಮುಖ ನೋಡಿದಳು.

“ಎಲ್ಲಾ ಹಾಕೀರಿ?”

“ಎಲ್ಲಾ. ಪ್ರಮಾಣದ ಪ್ರಕಾರ.”

“ಮತ್ತೊಮ್ಮಿ ನೆನಪ ಮಾಡಕೊಳ್ರಿ.”

“ಏ, ಮಸಾಲಿ ವಿಷಯದಾಗ ನೀ ಬಾಯಿ ಹಾಕೂಹಂಗಿಲ್ಲ ಅಂತ ಮಾತಾಗೇತಿ!”

“ಹಾಕೂದಿಲ್ಲ ಬಿಡ್ರಿ,” ಎಂದು ಅವಳು ಒಲೆಯ ಕಡೆ ತಿರುಗಿದಳು.

ಹೊರಡುವಾಗ ಅನ್ನವ್ವ ಎಚ್ಚರಿಸಿದಳು. “ಕುಬೇರಾ, ಕರ್ಪೂರದ ಪೊಟ್ಟಣಾ ಜಗಲಿ ಮ್ಯಾಲೆ ಇಟ್ಟೇನಿ, ಕಿಸೇದಾಗ ಹಾಕ್ಕೊ.” ಕುಬೇರಪ್ಪ ಕಿಸೆ ಮುಟ್ಟಿ ನೋಡಿಕೊಂಡ. ಕಾಗದದ ಪೊಟ್ಟಣ ಕೈಗೆ ಹತ್ತಿತು. “ಆಗಲೇ ಹಾಕ್ಕೊಂಡೇನವ್ವ,” ಎಂದು ಟ್ರ್ಯಾಕ್ಟರ್ ಏರಿದ.

ಹೊಲದಲ್ಲಿ ಬಿಳಿಜೋಳ ಎದೆಯುದ್ದ ನಿಂತಿತ್ತು. ಒಂದು ಕಡೆ ಕಡಲೆ, ಅಂಚಿಗೆ ಕುಸುಬೆ. ಬನ್ನಿಗಿಡದ ಕೆಳಗೆ ಪಾಂಡವರು ಸುಣ್ಣ ಬಳಿದುಕೊಂಡು ಸಾಲಾಗಿ ಕುಳಿತರು. ಎಡೆ ಬಡಿಸಿದರು. ಕುಬೇರಪ್ಪ ಗಂಭೀರವಾಗಿ ಕಿಸೆಯಿಂದ ಪೊಟ್ಟಣ ತೆಗೆದು, ಬಿಚ್ಚಿ, ಒಂದು ಚಿಟಿಕೆ ಆರತಿ ತಟ್ಟೆಗೆ ಹಾಕಿ ಕಡ್ಡಿ ಗೀರಿದ. ಹತ್ತಲಿಲ್ಲ. ಇನ್ನೊಂದು ಕಡ್ಡಿ ಗೀರಿದ. ತಟ್ಟೆಯಲ್ಲಿ ಚಟ್ ಚಟ್ ಎಂದಿತೇ ಹೊರತು ಹತ್ತಲಿಲ್ಲ.

“ಥಂಡಿಗೆ ಹಸಿ ಆಗಿರಬೇಕು ಬಿಡ್ರಿ,” ಎಂದ ಸಂಗನಬಸವ.

“ಈಗಿನ ಕರ್ಪೂರಾನೂ ಖರೇವಲ್ಲ, ಏನೇನ ಕಲಸತಾರೋ,” ಎಂದು ಬಸಕ್ಕ ಕಾಲವನ್ನು ಬೈದಳು.

ಕುಬೇರಪ್ಪ ಪೊಟ್ಟಣವನ್ನು ಮೂಗಿಗೆ ಹಿಡಿದ. ವಾಸನೆಯಿಲ್ಲ. ಕಾಗದವನ್ನು ನೋಡಿದ. ತನ್ನದೇ ಅಂಗಡಿಯ ಕಾಗದ, ತಾನೇ ಹಾಕಿದ ಮಡಿಕೆ. ಅವನ ಕಾಲ ಕೆಳಗಿನ ಎರೆಭೂಮಿ ಬಾಯಿಬಿಟ್ಟಂತಾಯಿತು. ಅಷ್ಟೊಂದು ಬದನೆಕಾಯಿಗಳ ಸಮಸ್ತ ಉಪ್ಪು ಅವನ ಅಂಗೈಯಲ್ಲಿ ಕುಳಿತಿತ್ತು!

ಪೊಟ್ಟಣ ಸರಕ್ಕನೆ ಕಿಸೆಗೆ ಮರಳಿತು. ಎಣ್ಣೆದೀಪದಿಂದಲೇ ಆರತಿ ಮುಗಿಯಿತು. ಕುಬೇರಪ್ಪ ಓರೆಗಣ್ಣಿನಿಂದ ನೋಡಿದ. ಮಹಾನಂದಾ ಸೆರಗನ್ನು ಬಾಯಿಗೆ ಅಡ್ಡ ಹಿಡಿದು ಪಾಂಡವರನ್ನೇ ದಿಟ್ಟಿಸುತ್ತಿದ್ದಳು. ಅವನ ಕಣ್ಣಮುಂದೆ ಮುಂದಿನ ದೃಶ್ಯಗಳು ಹಾದವು: ಬೀಗರು ಮೊದಲ ತುತ್ತು ಬಾಯಿಗಿಡುತ್ತಾರೆ. ಮುಖ ಮುಖ ನೋಡುತ್ತಾರೆ. “ಉಪ್ಪ...” ಎನ್ನುತ್ತಾರೆ. ಆಮೇಲೆ ಸಾಯುವ ತನಕ ಬಾಯಿ ಮುಚ್ಚಿಕೊಂಡು ಉಣ್ಣುವ ಬಾಳು! ಹುಳಿ ಮುಂದಾಗುತ್ತದೆ, ಹೇಳುವಂತಿಲ್ಲ. ಒಗ್ಗರಣೆ ಹೊತ್ತುತ್ತದೆ, ಹೇಳುವಂತಿಲ್ಲ. ಅಂಥ ಊಟ ಮೈಗೆ ಹತ್ತುವುದಾದರೂ ಹೇಗೆ?

ಅಷ್ಟರಲ್ಲಿ ಅನ್ನವ್ವ, “ಚರಗಾ ಚೆಲ್ಲಪಾ, ಹೊಟ್ಟಿ ಹಸದೇತಿ,” ಎಂದಳು. ಕುಬೇರಪ್ಪನ ತಲೆಯಲ್ಲಿ ಮಿಂಚು ಹೊಡೆಯಿತು. ಯಾರೂ ತಿನ್ನದ ಎಣ್ಣೆಗಾಯಿಗೆ ಯಾರು ಹೆಸರಿಡುತ್ತಾರೆ?

ಚರಗಕ್ಕೆ ರೊಟ್ಟಿಯ ಚೂರು, ಹೋಳಿಗೆಯ ಚೂರು, ಕಡಬು ಎಲ್ಲ ಬುಟ್ಟಿಗೆ ಬಿದ್ದವು. ಮಹಾನಂದಾ ಒಂದು ಎಣ್ಣೆಗಾಯಿ ತೆಗೆಯಲು ಪಾತೇಲಿಯ ಮುಚ್ಚಳಕ್ಕೆ ಕೈ ಹಾಕಿದಳು. ಕುಬೇರಪ್ಪ ಪಾತೇಲಿಯನ್ನೇ ಎತ್ತಿ ಬಗಲಲ್ಲಿ ಇರುಕಿಕೊಂಡ.

“ಏನ್ರೀ! ಒಂದ ಸಾಕ್ರಿ!”

“ಭೂಮಿತಾಯಿಗೆ ಒಂದ, ಎರಡ ಅಂತ ಲೆಕ್ಕಾ ಹಿಡಿತೀ? ನಾಚಿಕಿ ಆಗೂದಿಲ್ಲ?”

“ಅಲ್ರೀ, ನನ್ನ ಮಾತರೆ ಕೇಳ್ರಿ...”

ಅವಳು ಬಾಯಿಬಿಟ್ಟರೆ ಉಪ್ಪಿನ ಗುಟ್ಟು ರಟ್ಟಾದೀತೆಂದು ಕುಬೇರಪ್ಪ, “ಹುಲ್ಲುಲ್ಲಿಗೋ!” ಎಂಬ ಚರಗದ ಕೂಗನ್ನು ದಿಕ್ಕು ನಡುಗುವಂತೆ ಹಾಕುತ್ತ ಜೋಳದೊಳಗೆ ನುಗ್ಗಿಯೇಬಿಟ್ಟ. ಚರಗ ಚೆಲ್ಲುವವನ ಹಿಂದೆ ಒಬ್ಬರು ನೀರು ಚಿಮುಕಿಸುತ್ತ ಹೋಗುವುದು ಪದ್ಧತಿ. ಚೆಂಬು ಹಿಡಿದ ಸಂಗನಬಸವ ಬೆನ್ನು ಹತ್ತಿದ. ಒಂದು ಎಣ್ಣೆಗಾಯಿ ಮೂಡಲಕ್ಕೆ ಹಾರಿತು. ಒಂದು ಪಡುವಣಕ್ಕೆ. ಬಡಗಣ ತೆಂಕಣಗಳೂ ತಮ್ಮ ಪಾಲು ಪಡೆದವು. ದಿಕ್ಕುಗಳು ಮುಗಿದರೂ ಕಾಯಿ ಮುಗಿಯಲಿಲ್ಲ. ಜೋಳದಲ್ಲಿದ್ದ ಗಿಳಿಹಿಂಡು ಇದು ಯಾವ ಹೊಸ ಕವಣೆಯೆಂದು ಬೆದರಿ ಎದ್ದಿತು.

“ಬೀಗರ...” ಸಂಗನಬಸವ ಏದುತ್ತ ಕೇಳಿದ, “ಮಂದೀಗೆ... ಎರಡರೆ... ಇರಲಿ?”

“ಬೀಗರ, ಕೊಡಬೇಕಂದ್ರ ಪೂರಾ ಕೊಡಬೇಕ್ರಿ!” ಎಂದು ಕುಬೇರಪ್ಪ ಕೊನೆಯ ಕಾಯಿಯನ್ನು ಕುಸುಬೆಯ ಅಂಚಿನಾಚೆ ಎಸೆದು, ಪಾತೇಲಿ ಬೋರಲು ಮಾಡಿ ತಟ್ಟಿದ.

ತಿರುಗಿ ಬಂದಾಗ ಅವನ ನಡಿಗೆಯಲ್ಲಿ ರಾಜ್ಯ ದಾನ ಮಾಡಿದ ಚಕ್ರವರ್ತಿಯ ಠೀವಿಯಿತ್ತು. ಅನ್ನವ್ವ ಕಣ್ಣೊರೆಸಿಕೊಂಡು, “ನನ್ನ ಮಗಗ ಇಷ್ಟ ಭಕ್ತಿ ಐತೆಂತ ಇವತ್ತ ಗೊತ್ತಾತು,” ಎಂದಳು. ಬಸಕ್ಕನ ಕಣ್ಣೂ ಒದ್ದೆಯಾಗಿತ್ತು, ಕಾರಣ ಮಾತ್ರ ಬೇರೆ. “ಎಣ್ಣಿಗಾಯಿ ಉಣಬೇಕಂತ ನಾ ಮುಂಜಾನಿ ನಾಷ್ಟಾನೂ ಬಿಟ್ಟ ಬಂದಿದ್ದೆ,” ಎಂದು ಸೊಸೆಯ ಕಿವಿಯಲ್ಲಿ ಹೇಳಿದ್ದು ಎಲ್ಲರಿಗೂ ಕೇಳಿಸಿತು.

ಕಂಬಳಿ ಹಾಸಿ ಊಟಕ್ಕೆ ಕುಳಿತರು. ಪ್ರತಿವರ್ಷದಂತೆ ಪಕ್ಕದ ಹೊಲದಿಂದ ಅಲ್ಲಾಸಾಬ, ಅವನ ಹೆಂಡತಿ ಖಾಸಿಂಬಿ ಬದು ದಾಟಿ ಬಂದರು. ಮಹಾನಂದಾ ಟ್ರ್ಯಾಕ್ಟರಿನ ಮೂಲೆಯಿಂದ ಒಂದು ಡಬ್ಬಿ ತಂದು ಖಾಸಿಂಬಿಯ ಮುಂದಿಟ್ಟಳು.

“ಖಾಸಿಂಬಕ್ಕಾ, ನಿಮ್ಮ ಪಾಲಿಂದು ಮನಿಯಾಗ ತಗದ ಇಟ್ಟಿದ್ದೆ. ಇದೊಂದ ಉಳಿದೇತಿ.”

ಮುಚ್ಚಳ ತೆಗೆದದ್ದೇ ತಡ, ಬನ್ನಿಗಿಡದ ತುಂಬ ಎಣ್ಣೆಗಾಯಿಯ ಘಮಘಮ. “ನಾವಿಬ್ಬರ ತಿಂದ ಏನ ಮಾಡೂಣವಾ, ಎಲ್ಲಾರಿಗೂ ಹಾಕು,” ಎಂದಳು ಖಾಸಿಂಬಿ. ಎಲ್ಲರ ತಾಟಿಗೂ ಒಂದೊಂದು ಬಿತ್ತು.

ಕುಬೇರಪ್ಪ ಬೀಗರಿಗಿಂತ ಮೊದಲೇ ತಾಟಿಗೆ ಕೈ ಹಾಕಿದ. ತುತ್ತು ಮುರಿದು ಬಾಯಿಗಿಟ್ಟ. ಉಪ್ಪಿತ್ತು! ಬರೋಬ್ಬರಿ ಇತ್ತು! ಇದು ತನ್ನದಾಗಿರಲು ಸಾಧ್ಯವೇ ಇಲ್ಲ. ತನ್ನದರ ಉಪ್ಪು ತನ್ನ ಕಿಸೆಯಲ್ಲಿದೆ. ಅಂದರೆ ಈ ಮಾಯಾವಿ ತನಗೆ ಗೊತ್ತಾಗದಂತೆ ಬೇರೆ ಎಣ್ಣೆಗಾಯಿ ಮಾಡಿ ಬಚ್ಚಿಟ್ಟಿದ್ದಾಳೆ! ಮೇಲಾಗಿ ಗೋಡಂಬಿ, ಗಜ್ಜರಿ ಹಾಕಿ ತನ್ನ ಸೂತ್ರವನ್ನೇ ಕದ್ದಿದ್ದಾಳೆ!

“ಆಹಾ!” ಎಂದ ಸಂಗನಬಸವ. “ಇಂಥಾ ಎಣ್ಣಿಗಾಯಿ ನಾ ಹುಟ್ಟಿದಾಗಿಂದ ಉಂಡಿಲ್ಲ.”

“ಒಳಗಿಂದು ಏನ ಮಸಾಲೀರೀ ಇದು!” ಎಂದಳು ಬಸಕ್ಕ. “ತಾಟ ನೆಕ್ಕಬೇಕು ಅನಸತೈತಿ.”

“ಭಾಳ ರುಚಿ ಆಗೇತಿ,” ಎಂದಳು ಖಾಸಿಂಬಿ. ಅನ್ನವ್ವ ಮಾತೇ ಆಡದೆ ಎರಡನೆಯದಕ್ಕೆ ಕೈ ಚಾಚಿದಳು. ಅಲ್ಲಾಸಾಬ ಮಾತ್ರ ಒಂದು ತುತ್ತು ತಿಂದವನು ಕುಬೇರಪ್ಪನ ಮುಖ ನೋಡಿ, ಏನೋ ಹೇಳಲು ಬಾಯಿ ತೆರೆದ. ಮಹಾನಂದಾ ಅವನ ತಾಟಿಗೆ ಗಬಕ್ಕನೆ ಹೋಳಿಗೆ ಹಾಕಿದಳು.

ಹೆಂಡತಿಗೆ ಇಷ್ಟು ಹೊಗಳಿಕೆಯೆ? ನ್ಯಾಯಾಧೀಶರಿಗೆ ತಡೆಯಲಾಗಲಿಲ್ಲ. ಕುಬೇರಪ್ಪ ಕಣ್ಣು ಮುಚ್ಚಿ, ತಲೆ ಓರೆ ಮಾಡಿದ.

“ಎಲ್ಲಾ ಖರೆ... ಗುರೆಳ್ಳ ತುಸು ಹೆಚ್ಚಾತು.”

“ಹೌದ್ರಿ?” ಎಂದಳು ಮಹಾನಂದಾ ವಿನಯದಿಂದ. “ಮತ್ತೇನೇನ ತಪ್ಪೈತಿ, ಎಲ್ಲಾ ಹೇಳಿಬಿಡ್ರಿ. ಬೀಗರೂ ಅದಾರ.”

“ಶೇಂಗಾ ಹುರಿಯೂದರಾಗ ಹದಾ ತಪ್ಪೇತಿ. ಗಜ್ಜರಿ ಯಾಕ ಬೇಕಿತ್ತು, ತಿಳೀವಲ್ದು. ಗೋಡಂಬಿ ಹಾಕಿದ್ದೇನೋ ಬರೋಬ್ಬರಿ, ಆದ್ರ ಅದನ್ನ ಹಾಕೂ ಕೈ ಬ್ಯಾರೇನ ಇರಬೇಕಿತ್ತು.”

ಅಲ್ಲಾಸಾಬನಿಗೆ ಹೋಳಿಗೆ ನೆತ್ತಿಗೇರಿತು. ಖಾಸಿಂಬಿ ಬೆನ್ನು ತಟ್ಟಿದಷ್ಟೂ ಅವನ ಕಣ್ಣಲ್ಲಿ ನೀರು.

“ಮುಗೀತ್ರಿ ತೀರ್ಪು?” ಎಂದಳು ಮಹಾನಂದಾ.

“ಮುಗೀತು.”

“ಆ ಕೈ ನಿಮ್ಮದ ರೀ.”

“ಏನು?”

“ಈ ಮಸಾಲಿ ಕುಟ್ಟಿದಾವ್ರು ನೀವು, ತುಂಬಿದಾವ್ರು ನೀವು. ನಿಮ್ಮ ಪಾತೇಲ್ಯಾಗಿಂದನ ಹತ್ತ ಕಾಯಿ ಈ ಡಬ್ಬಿಗೆ ತಗದಿದ್ದೆ.”

“ಸಾಧ್ಯಾನ ಇಲ್ಲ! ನನ್ನದರಾಗ ಉಪ್ಪ...” ಎಂದವನು ನಾಲಿಗೆ ಕಚ್ಚಿಕೊಂಡ.

“ಹೇಳ್ರಿ, ನಿಮ್ಮದರಾಗ ಉಪ್ಪ?” ಎಂದು ಅವಳು ಅವನ ಕಿಸೆಯ ಕಡೆ ನೋಡಿದಳು. ಆಮೇಲೆ ತಾನೇ ಮುಂದುವರಿಸಿದಳು. “ಗಜ್ಜರಿ, ಉಳ್ಳಾಗಡ್ಡಿ ಕೂಡಿ ಅಷ್ಟೊತ್ತು ಕಲಸಿಕೊಂಡ ಕುಂತ್ರೂ ಪರಾತದಾಗ ಒಂದ ಹನಿ ನೀರ ಬಿಟ್ಟಿರಲಿಲ್ಲ. ಉಪ್ಪ ಬಿದ್ದಿದ್ರ ಬಿಡದ ಇರತಿತ್ತೇನು? ನಾ ಕೇಳಿದ್ರ ನೀವು ಬಾಯಿ ಹಾಕಬ್ಯಾಡ ಅಂದ್ರಿ. ಬೇಯಸೂ ಮುಂದ ನೀರಾಗ ಉಪ್ಪ ಕರಗಿಸಿ ಹಾಕಿದೆ. ಅಷ್ಟ. ಅದನ್ನ ಹೇಳಾಕ ಬಂದ್ರ, ಹುಲ್ಲುಲ್ಲಿಗೋ ಅಂತ ಓಡೇ ಬಿಟ್ರಿ.”

ಸಂಗನಬಸವ ಖಾಲಿ ಡಬ್ಬಿಯನ್ನು ನೋಡಿದ. ಬೋರಲು ಬಿದ್ದ ಪಾತೇಲಿಯನ್ನು ನೋಡಿದ. ಆಮೇಲೆ ಜೋಳದ ಹೊಲವನ್ನು ಬಹಳ ಹೊತ್ತು ನೋಡಿದ. ಅಲ್ಲಿ ಊರಿನ ಕಾಗೆಗಳೆಲ್ಲ ಬಂಧುಬಳಗದೊಡನೆ ಇಳಿಯುತ್ತಿದ್ದವು.

“ಇಂಥಾದ್ದನ್ನ,” ಎಂದ ಅವನು ಕ್ಷೀಣಧ್ವನಿಯಲ್ಲಿ, “ಇಡೀ ಪಾತೇಲಿ...”

ಅನ್ನವ್ವ ಬೆರಳು ನೆಕ್ಕಿ ಸಾಕ್ಷಿ ಹೇಳಲು ನೆಟ್ಟಗೆ ಕುಳಿತಳು. “ಬೀಗರು ಛಲೋ ಅಂದ್ರು. ಬೀಗತಿ ಛಲೋ ಅಂದ್ಳು. ಖಾಸಿಂಬಿ ಛಲೋ ಅಂದ್ಳು. ಹೆಸರಿಟ್ಟಾಂವ ನೀನೊಬ್ಬನ, ಕುಬೇರಾ. ಯಾರರೆ ಒಬ್ಬರು ಅಂತ ಮಾತಾಗಿತ್ತು. ನನಗ ಬರೋಬ್ಬರಿ ನೆನಪೈತಿ.”

ಬನ್ನಿಗಿಡದ ಕೆಳಗೆ ಎದ್ದ ನಗೆಗೆ ಕಾಗೆಗಳೂ ಒಮ್ಮೆ ಊಟ ನಿಲ್ಲಿಸಿ ತಿರುಗಿ ನೋಡಿದವು. ಕುಬೇರಪ್ಪನೂ ನಕ್ಕ, ತುಸು ತಡವಾಗಿ. ತಾನು ಗೆದ್ದ ಯುದ್ಧವನ್ನು ತಾನೇ ಎತ್ತಿ ಜೋಳದೊಳಗೆ ಎಸೆದು ಬಂದವನು ಇನ್ನೇನು ಮಾಡಿಯಾನು?

ಮರುದಿನ ಸಂಜೆ ಕುಬೇರಪ್ಪ ಊಟಕ್ಕೆ ಕುಳಿತ. ಬಿಸಿ ರೊಟ್ಟಿ, ಬೇಳೆ ಸಾರು. ಒಂದು ತುತ್ತು ಅದ್ದಿ ಬಾಯಿಗಿಟ್ಟ. ಕಣ್ಣು ತಾನಾಗಿ ಮುಚ್ಚಿತು, ತಲೆ ತಾನಾಗಿ ಓರೆಯಾಯಿತು. ಸಾರಿನಲ್ಲಿ ಉಪ್ಪಿನ ಸುಳಿವೇ ಇರಲಿಲ್ಲ. ಬಾಯಿ ತೆರೆದ. ಎದುರಿಗೆ ಮಹಾನಂದಾ ಗಲ್ಲಕ್ಕೆ ಕೈಕೊಟ್ಟು ಕುಳಿತಿದ್ದಳು. ಮೂಲೆಯಲ್ಲಿ ಸಾಕ್ಷಿಯ ಎಲೆಅಡಿಕೆ ಕುಟ್ಟುವ ಸದ್ದು ನಿಂತಿತ್ತು.

ಕುಬೇರಪ್ಪ ಬಾಯಿ ಮುಚ್ಚಿದ. ಎದ್ದ. ಗೂಟದ ಅಂಗಿಯ ಕಿಸೆಗೆ ಕೈ ಹಾಕಿ, ಪೊಟ್ಟಣ ತೆಗೆದು, ಸಾರಿಗೆ ಒಂದು ಚಿಟಿಕೆ ಉದುರಿಸಿ, ಕಲಕಿ, ಮತ್ತೆ ಕುಳಿತ.

“ಏನರೆ ಅಂದ್ರೇನು?” ಎಂದಳು ಮಹಾನಂದಾ.

“ಏನಿಲ್ಲ,” ಎಂದ ಕುಬೇರಪ್ಪ. “ಅಗದಿ ಛಲೋ ಆಗೇತಿ. ಇನ್ನೊಂದ ರೊಟ್ಟಿ ಹಾಕು.”